ಬಿಳಿ ಬಟ್ಟೆಯ ಮೇಲಿನ ಈಟಿ

ಸಿಂಹಕ್ಕೆ ಮೊದಲ ಈಟಿ ಎಸೆದವನು ನಾನಲ್ಲ. ಎಸೆದವನು ತಪ್ಕಿಗೇನಳ ಮಗ. ಅವನ ಹೆಸರು ನನಗೆ ಚೆನ್ನಾಗಿ ಗೊತ್ತು. ಆದರೆ ಸತ್ತವರ ಹೆಸರನ್ನು ನಾವು, ಮೊಂಬಾಸಾದ ಒಳನಾಡಿನ ನಂದಿ ಜನ, ಬಾಯಿಗೆ ತರುವುದಿಲ್ಲ. ಅವನ ತಾಯಿ ಇನ್ನೂ ಬದುಕಿದ್ದಾಳೆ, ಆದ್ದರಿಂದ ಅವಳ ಹೆಸರು ಹೇಳುತ್ತಿದ್ದೇನೆ. ನನ್ನ ಹೆಸರು ಅರಪ್ ಸೊಂಗೊಕ್. ಈ ಹೆಸರು ಕಡಲಾಚೆಯ ಎಷ್ಟೋ ಊರುಗಳಲ್ಲಿ ಬಟ್ಟೆಯ ಮೇಲೆ ಬೆಳಕಾಗಿ ಬಿದ್ದಿದೆಯಂತೆ. ಇಲ್ಲಿ ನನ್ನ ಮನೆಯ ಹಾಲನ್ನು ಯಾರೂ ಕುಡಿಯುವುದಿಲ್ಲ.

ತಪ್ಕಿಗೇನಳ ಮಗನಿಗೂ ನನಗೂ ಒಂದೇ ಬೆಳಿಗ್ಗೆ, ಒಂದೇ ಚಾಕುವಿನಿಂದ ಸುನತಿಯಾಗಿತ್ತು. ಒಂದೇ ಗುಡಿಸಲಿನಲ್ಲಿ ತಿಂಗಳುಗಟ್ಟಲೆ ಬಿದ್ದುಕೊಂಡು ಗಾಯ ಮಾಗಿಸಿಕೊಂಡೆವು. ಹಾಗೆ ಒಂದು ಗುಡಿಸಲಿನಿಂದ ಎದ್ದು ಬಂದವರು ಸಾಯುವತನಕ ಒಬ್ಬರಿಗೊಬ್ಬರು ಹೊಣೆ. ಹೊರಗೆ ಬಂದ ಮೇಲೆ ತಪ್ಕಿಗೇನ್ ಇದ್ದಿಲು ಸವರಿದ ಒಂದೇ ಸೋರೆಬುರುಡೆಯಿಂದ ನಮ್ಮಿಬ್ಬರಿಗೂ ಹುಳಿಹಾಲು ಬಗ್ಗಿಸುತ್ತಿದ್ದಳು. ನನ್ನ ತಾಯಿ ನಾನು ಚಿಕ್ಕವನಿದ್ದಾಗಲೇ ಹೋದವಳು. ತಪ್ಕಿಗೇನಳನ್ನು ಅವ್ವ ಎನ್ನಲು ನನಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.

ದಂಗೆಯಲ್ಲಿ ನಮ್ಮವರು ಬಿಳಿಯರಿಗೆ ಸೋತು ಆಗ ಆರು ವರ್ಷವಾಗಿತ್ತು. ಹೊರಗಿನವರ ದನ ಹೊಡೆದು ತರುವ ದಂಡಯಾತ್ರೆಗಳು ನಿಂತುಹೋಗಿದ್ದವು. ನಮ್ಮ ಓರಗೆಯವರ ಕೈಯಲ್ಲಿ ಈಟಿ ಇತ್ತು, ಅದನ್ನು ಎಸೆದು ಹೆಸರು ಮಾಡುವ ಜಾಗ ಇರಲಿಲ್ಲ. ಅಂಥ ಹೊತ್ತಿನಲ್ಲಿ ಅರಪ್ ಮುರೇಯ್ ಬಂದ. ಅವನು ನನ್ನ ಸೋದರಮಾವನ ಮಗ. ರೈಲು ಹಾದಿಯಲ್ಲಿ ಕೆಲಸ ಮಾಡಿ ಸ್ವಾಹಿಲಿ ಕಲಿತಿದ್ದ, ಬಿಳಿಯರ ಮಾತನ್ನೂ ಅಷ್ಟಿಷ್ಟು ಕಲಿತಿದ್ದ. ಖಾಕಿ ಚಡ್ಡಿ ಹಾಕಿಕೊಂಡು, ಬೂಟು ಮೆಟ್ಟಿಕೊಂಡು ತಿರುಗುತ್ತಿದ್ದ.

"ಏನೋ ಭಾವ, ಸಿಂಹ ಹೊಡೆಯೋಕೆ ಬರ್ತೀಯಾ?" ಎಂದ.

"ಯಾಕೆ, ನಿನ್ನ ದೊರೆಗೆ ಕೋವಿ ಇಲ್ವಾ?"

"ಇದೆ. ಕೋವೀಲಿ ಹೊಡೆಯೋದು ಅವರೂರಲ್ಲಿ ಹಳೇದಾಯ್ತಂತೆ, ಯಾರೂ ನೋಡೋದಿಲ್ಲ. ಈಟೀಲಿ ಹೊಡೆಯೋದು ನೋಡ್ಬೇಕಂತೆ."

ತಪ್ಕಿಗೇನಳ ಮಗ ಪಕ್ಕದಲ್ಲೇ ಈಟಿಗೆ ಎಣ್ಣೆ ತಿಕ್ಕುತ್ತ ಕೂತಿದ್ದ. "ನೋಡೋಕೆ ಅಷ್ಟು ದೂರದಿಂದ ಬರ್ತಾರಾ?" ಎಂದ.

"ಅವರು ಬರೋದಿಲ್ಲ. ನಾವು ಹೋಗ್ತೀವಿ. ಪೆಟ್ಟಿಗೆ ಒಳಗೆ ಕೂತ್ಕೊಂಡು ಮೊಂಬಾಸಾದಿಂದ ಹಡಗಲ್ಲಿ."

"ನಿನ್ನ ಹೊಟ್ಟೆ ಹಿಡಿಸೋಷ್ಟು ದೊಡ್ಡ ಪೆಟ್ಟಿಗೆ ಇದೆಯಾ ಅವರ ಹತ್ರ?"

ಮುರೇಯ್ ನಕ್ಕ. ಅವನಿಗೆ ಬಯ್ಯಿಸಿಕೊಳ್ಳುವುದು ಗೊತ್ತಿತ್ತು. ಒಪ್ಪಂದ ಹೇಳಿದ: ಸಿಂಹದ ಚರ್ಮ ದೊರೆಗೆ, ಕೇಸರ ನಮಗೆ. ಕೇಸರ ಸಿಗುವುದು ಮೊದಲ ಈಟಿ ನಾಟಿಸಿದವನಿಗೆ. ಅದು ನಮ್ಮ ಹಳೆಯ ಕಟ್ಟು. ಅವನು ಬೇಟೆಯಲ್ಲೇ ಸತ್ತರೆ ಕೇಸರ ಅವನ ತಾಯಿಯ ಮನೆಗೆ ಹೋಗುತ್ತದೆ. ನಾವು ಎಂಟು ಜನ ಹೊರಟೆವು.

ಸೆರ್ಗೋಯಿತ್ ಬಂಡೆಯ ಬುಡದಲ್ಲಿ ಬಿಳಿಯರು ಡೇರೆ ಹೊಡೆದಿದ್ದರು. ಇಬ್ಬರು ದೊರೆಗಳು. ಒಬ್ಬ ಹಣವಂತ, ದಪ್ಪಗಿದ್ದ, ಅವನನ್ನು ಹೊಟ್ಟೆ ದೊರೆ ಎಂದೆವು. ಇನ್ನೊಬ್ಬ ಮೂರು ಕಾಲಿನ ಮೇಲೆ ಮರದ ಪೆಟ್ಟಿಗೆ ನಿಲ್ಲಿಸಿಕೊಂಡು ಹಗಲೆಲ್ಲ ಅದರ ಹಿಡಿಕೆ ತಿರುಗಿಸುತ್ತಿದ್ದ. ಅವನು ಹಿಡಿಕೆ ದೊರೆ. ಹೊರೆ ಹೊರಲು ಕಂಬ ಎಂಬ ಬೇರೆ ಕುಲದ ಜನ ಇದ್ದರು. ಡೇರೆಯವರಲ್ಲಿ ನಮ್ಮ ಮಾತು ಬರುತ್ತಿದ್ದುದು ಮುರೇಯ್‌ಗೆ ಮಾತ್ರ.

ಐದನೆಯ ದಿನ, ದನ ಹೊರಗೆ ಬಿಡುವ ಹೊತ್ತಿಗೆ, ದೊರೆಗಳ ಕುದುರೆ ಸವಾರರು ಒಂದು ಗಂಡು ಸಿಂಹವನ್ನು ಜೊಂಡು ಬೆಳೆದ ಕೊರಕಲಿಗೆ ಅಟ್ಟಿದರು. ಕೊರಕಲಿನ ಬಾಯಿಯ ಕಡೆಗೆ ಪೆಟ್ಟಿಗೆ ತಿರುಗಿಸಿ ಹಿಡಿಕೆ ದೊರೆ ಗುಡ್ಡದ ಮೇಲೆ ನಿಂತ. ಸಿಂಹ ಅಲ್ಲಿಂದಲೇ ಹೊರಗೆ ಬರುತ್ತದೆ ಎಂದು ಅವನು ತೀರ್ಮಾನಿಸಿದ್ದ. ನಮ್ಮಲ್ಲಿ ಆರು ಜನ ಆ ಕಡೆಗೆ ಹೋದರು. ನಾವಿಬ್ಬರೇ ಹಿಂಬದಿಯ ಏರಿಯಲ್ಲಿ ಉಳಿದೆವು, ನಮ್ಮಿಬ್ಬರ ನಡುವೆ ಇಪ್ಪತ್ತು ಹೆಜ್ಜೆ ಅಂತರ.

ಸಿಂಹ ನಮ್ಮ ಕಡೆಗೆ ಬಂತು.

ನನಗಿಂತ ಅವನಿಗೆ ಹತ್ತಿರ ಬಂತು. ಅವನು ಕಾಯಲಿಲ್ಲ, ಎಸೆದ. ಈಟಿ ಭುಜದೊಳಗೆ ಹೋದದ್ದನ್ನು ನೋಡಿದೆ. ಸಿಂಹ ಬೀಳಲಿಲ್ಲ. ಗುರಾಣಿಯ ಸಮೇತ ಅವನನ್ನು ಕೆಡವಿಕೊಂಡಿತು. ನಾನು ಓಡಿದೆ. ಓಡುವಾಗ ಗುಡ್ಡದ ಮೇಲಿನಿಂದ ಹಿಡಿಕೆಯ ಟಕಟಕ ಸದ್ದು ಕೇಳಿಸುತ್ತಿತ್ತು. ಪೆಟ್ಟಿಗೆಯನ್ನು ಈ ಕಡೆಗೆ ತಿರುಗಿಸಿದ್ದರು. ಅವನು ಕೆಳಗಿನಿಂದ ನನ್ನನ್ನು ಬಯ್ಯುತ್ತಿದ್ದ, "ಬೇಗ ಬಾರೋ ಹೆಳವ" ಎಂದು. ನಾನು ಈಟಿಯನ್ನು ಎಸೆಯಲಿಲ್ಲ, ಎರಡೂ ಕೈಯಲ್ಲಿ ಹಿಡಿದು ಸಿಂಹದ ಕತ್ತಿಗೆ ಇಳಿಸಿದೆ. ಅದು ಸಾಯುವ ಮೊದಲು ತಿರುಗಿ ನನ್ನ ಮೀನಖಂಡ ಕಿತ್ತಿತು. ಉಳಿದ ಆರು ಜನ ಸುತ್ತಿ ಬರುವಷ್ಟರಲ್ಲಿ ಸಿಂಹ ಸತ್ತಿತ್ತು. ಅವನು ಮಧ್ಯಾಹ್ನದವರೆಗೆ ಇದ್ದ.

ಆರು ಜನ ಅವನ ದೇಹ ಹೊತ್ತು ಹೊರಟರು. ದೇಹವನ್ನು ಮನೆಯ ಪಡುವಣಕ್ಕೆ ಇಟ್ಟು ಬಂದು, ಹೊಳೆಯಲ್ಲಿ ಮಿಂದು, ತಲೆ ಬೋಳಿಸಿಕೊಂಡು ಅವರು ಬೇರೆ ಇರಬೇಕು. ನನ್ನ ಕಾಲು ನಡೆಯುವಂತಿರಲಿಲ್ಲ. ಹಿಡಿಕೆ ದೊರೆಯೇ ಗಾಯಕ್ಕೆ ಏನೋ ಉರಿಯುವ ಔಷಧಿ ಸುರಿದು ಬಿಳಿ ಬಟ್ಟೆ ಸುತ್ತಿದ. ಒಳ್ಳೆಯವನು ಎಂದುಕೊಂಡೆ.

ಮರುದಿನ ಇಳಿಹೊತ್ತಿಗೆ ಅವನು ಮುರೇಯ್‌ನನ್ನು ಕರೆದುಕೊಂಡು ನನ್ನ ಹತ್ತಿರ ಬಂದು ಕೂತ.

"ಭಾವ, ದೊರೆ ಅಳ್ತಿದಾನೆ," ಎಂದ ಮುರೇಯ್.

ನೋಡಿದೆ. ಅಳುತ್ತಿರಲಿಲ್ಲ. ಬಿಸಿಲಿಗೆ ಮೂಗು ಸುಲಿದಿತ್ತು, ಅಷ್ಟೇ. "ಯಾಕಂತೆ?"

"ಮೊದಲನೇ ಈಟಿ ಪೆಟ್ಟಿಗೆ ಒಳಗೆ ಬೀಳಲಿಲ್ಲ. ತಿರುಗಿಸೋ ಹೊತ್ತಿಗೆ ಸಿಂಹ ಅವನ ಮೇಲಿತ್ತು. ಈಗ ನೋಡಿದೋರು ಏನಂತಾರೆ ಹೇಳು? ಒಬ್ಬ ಸುಮ್ನೆ ನಿಂತಿದ್ದ, ಸಿಂಹ ಬಂದು ಹರಿದು ಹಾಕ್ತು ಅಂತಾರೆ. ಅವನು ಎಸೆದಿದ್ದು ಯಾರಿಗೂ ಗೊತ್ತಾಗೋದೇ ಇಲ್ಲ."

ಈ ಮಾತು ನನಗೆ ತಾಗಿತು. ತಾಗಲಿ ಎಂದೇ ಮುರೇಯ್ ಹೇಳಿದ್ದ.

"ಅದಕ್ಕೆ ನಾನೇನು ಮಾಡ್ಲಿ?"

"ಅವನ ಕೈ ಬೇಕು. ಅವನಿಲ್ಲ. ನೀನು ಅವನ ಕೈ ಆಗು. ಒಂದ್ಸಲ ಎಸಿ, ಸಾಕು."

"ಸತ್ತ ಸಿಂಹಕ್ಕಾ?"

"ಹೂಂ, ಸತ್ತಿದ್ದಕ್ಕೆ."

"ಥೂ. ನಾಳೆ ಸತ್ತ ಹಸೂನ ಹಾಲು ಕರಿ ಅಂತೀಯಾ ನೀನು."

"ಯಾರೋ ನೋಡೋರು? ಇಲ್ಲಿರೋರೆಲ್ಲ ಕಂಬ ಜನ. ಆಮೇಲೆ ಅದು ಹೋಗೋದು ಕಡಲಾಚೆಗೆ. ಅಲ್ಲಿ ನಿನ್ನ ಮಾವ ಇದಾನಾ, ನಿನ್ನ ಅತ್ತೆ ಇದಾಳಾ?"

ನಾನು ಒಂದೇ ಪ್ರಶ್ನೆ ಕೇಳಿದೆ. "ನೋಡೋರಿಗೆ ಇದು ಅವನು ಅಂತ ಹೇಳ್ತಾನಾ ದೊರೆ?"

ಮುರೇಯ್ ದೊರೆಯ ಜೊತೆ ಬಹಳ ಹೊತ್ತು ಮಾತಾಡಿದ. ದೊರೆ ಅಂಗೈಯನ್ನು ತನ್ನ ಎದೆಯ ಮೇಲಿಟ್ಟು ತಲೆಯಾಡಿಸಿದ.

"ಹೇಳ್ತಾನಂತೆ. ಎದೆ ಮುಟ್ಕೊಂಡು ಹೇಳ್ತಿದಾನೆ, ನೋಡು."

ನಮ್ಮವನಾಗಿದ್ದರೆ ಈಟಿಯನ್ನು ನೆಲಕ್ಕೆ ಹಾಕಿ ದಾಟು ಎನ್ನುತ್ತಿದ್ದೆ. ನಮ್ಮಲ್ಲಿ ಗಂಡಸರ ಆಣೆ ಅದು. ಸುಳ್ಳು ಹೇಳಿ ಈಟಿ ದಾಟಿದವನನ್ನು ಈಟಿ ತಿನ್ನುತ್ತದೆ. ಬಿಳಿಯನಿಗೆ ಹಾಗೆ ಹೇಳುವುದು ನನಗೆ ಹೊಳೆಯಲಿಲ್ಲ. ಎದೆಯ ಮೇಲಿನ ಕೈ ಸಾಕೆಂದುಕೊಂಡೆ.

ಕಂಬ ಜನ ಸಿಂಹದ ಹೊಟ್ಟೆಯ ಕೆಳಗೆ ಕೋಲು ಕೊಟ್ಟು ಹುಲ್ಲಿನಲ್ಲಿ ನಿಲ್ಲಿಸಿದರು. ಹಿಂಗಾಲಿಗೆ ಹಗ್ಗ ಕಟ್ಟಿ ಒಬ್ಬ ಎಳೆಯುತ್ತಿದ್ದ, ಎಳೆದಾಗ ಅದು ಅಲುಗಾಡುತ್ತಿತ್ತು. ಹೊಟ್ಟೆ ಉಬ್ಬಿ ನಾರುತ್ತಿತ್ತು. ರಾತ್ರಿ ಕತ್ತೆಕಿರುಬ ಒಂದು ಕಿವಿ ತಿಂದಿತ್ತು, ಆ ಬದಿಯನ್ನು ಆಚೆಗೆ ತಿರುಗಿಸಿದರು. ನನ್ನ ಕಾಲಿನ ಬಿಳಿ ಬಟ್ಟೆ ಕಾಣಬಾರದೆಂದು ಮೊಣಕಾಲುದ್ದದ ಹುಲ್ಲಿನಲ್ಲಿ ನಿಲ್ಲಿಸಿದರು. ಹೊಟ್ಟೆ ದೊರೆ ಕುರ್ಚಿ ಹಾಕಿಸಿಕೊಂಡು ನೋಡಿದ. ನಾನು ಮೂರು ಸಲ ಎಸೆದೆ. ಮೂರನೆಯದು ಹಿಡಿಕೆ ದೊರೆಗೆ ಹಿಡಿಸಿತು.

ಆಮೇಲೆ ನನ್ನನ್ನು ಬರಿಗೈಯಲ್ಲಿ ನಿಲ್ಲಿಸಿ, "ಅಲ್ಲಿ ನೋಡು, ಅಲ್ಲಾಡಬೇಡ" ಎಂದು ಮುರೇಯ್ ಹೇಳಿದ. ಅವನು ತೋರಿಸಿದ ಕಡೆ ಅಡುಗೆಯವನು ಗಿನಿಕೋಳಿಯ ಪುಕ್ಕ ಕೀಳುತ್ತಿದ್ದ. ನಾನು ಅದನ್ನೇ ನೋಡುತ್ತ ನಿಂತೆ. ಹಿಡಿಕೆ ತಿರುಗಿತು.

ಕೊನೆಗೆ ದೊರೆ ಪುಸ್ತಕ ತೆಗೆದ.

"ಹೆಸರು ಬೇಕಂತೆ, ಮೊದಲು ಎಸೆದವನದು," ಎಂದ ಮುರೇಯ್.

"ನಿನಗೆ ಗೊತ್ತಿಲ್ವಾ?"

"ಗೊತ್ತು."

ನಾನು ಹೆಸರು ಹೇಳಲಿಲ್ಲ. ಅವನು ಸತ್ತು ಒಂದು ದಿನವಾಗಿತ್ತು. ಮುರೇಯ್ ದೊರೆಯ ಕಿವಿಯ ಹತ್ತಿರ ಬಗ್ಗಿ ಏನೋ ಹೇಳಿದ. ದೊರೆ ಬರೆದುಕೊಂಡ. ರೈಲಿನವರ ಸಹವಾಸದಿಂದ ಇವನ ನಾಲಿಗೆಯ ಭಯ ಹೋಗಿದೆ, ಹೇಳಿಬಿಟ್ಟ ಎಂದುಕೊಂಡೆ. ದೋಷ ತಗುಲದಿರಲೆಂದು ಅವನ ಪರವಾಗಿ ನಾನೇ ನೆಲಕ್ಕೆ ಉಗುಳಿದೆ.

ಕಾಲು ನೆಟ್ಟಗಾದ ಮೇಲೆ ಕೇಸರ ತೆಗೆದುಕೊಂಡು ತಪ್ಕಿಗೇನಳ ಮನೆಗೆ ಹೋದೆ. ಅವಳ ತಲೆ ಬೋಳಾಗಿತ್ತು. ನಡೆದದ್ದನ್ನು ಹೇಳಿದೆ. ಅವಳು ಕೇಸರದಲ್ಲಿ ಸಿಕ್ಕಿದ್ದ ಹುಲ್ಲುಕಡ್ಡಿಗಳನ್ನು ಒಂದೊಂದಾಗಿ ತೆಗೆಯುತ್ತ ಕೇಳಿಸಿಕೊಂಡಳು.

"ಹೆದರಿದ್ನಾ?"

"ಇಲ್ಲ ಅವ್ವ. ಸಿಂಹ ಮೇಲಿದ್ದಾಗ್ಲೂ ಬಯ್ತಿದ್ದ."

"ಸಿಂಹನಾ?"

"ನನ್ನ. ಬೇಗ ಬಾರೋ ಹೆಳವ ಅಂತ."

ಅವಳು ನಕ್ಕಳು. ನಕ್ಕು, ಬುರುಡೆ ತಂದು ನನಗೆ ಹಾಲು ಬಗ್ಗಿಸಿದಳು. ಸತ್ತ ಸಿಂಹಕ್ಕೆ ಎಸೆದದ್ದನ್ನು ನಾನು ಅವಳಿಗೆ ಹೇಳಲಿಲ್ಲ. ನಾಚಿಕೆಯಾಗಿತ್ತು. ಅವತ್ತು ಹೇಳಿದ್ದರೆ ಈ ಕಥೆ ಇರುತ್ತಿರಲಿಲ್ಲ.

ವರ್ಷ ಕಳೆದ ಮೇಲೆ ಹಿಡಿಕೆ ದೊರೆ ಮತ್ತೆ ಬಂದ, ಈ ಸಲ ಆನೆಗೆ. ನಮ್ಮ ಜನ ಆನೆಗೆ ಸುಲಭವಾಗಿ ಬರುವುದಿಲ್ಲ ಎಂದು ಯಾರೋ ಹೇಳಿರಬೇಕು. ಆಸೆ ಹುಟ್ಟಿಸಲು ಸಿಂಹದ ಚಿತ್ರವನ್ನು ತಂದಿದ್ದ. ಕಪ್ಸಬೆಟ್ ಪೇಟೆಯಲ್ಲಿ ಸೇಟುವಿನ ತಗಡಿನ ಗೋದಾಮಿನ ಕಿಟಕಿಗಳಿಗೆ ಗೋಣಿಚೀಲ ಬಡಿದು, ಮಧ್ಯಾಹ್ನವನ್ನೇ ಕತ್ತಲು ಮಾಡಿ, ಗೋಡೆಗೆ ಬಿಳಿ ಬಟ್ಟೆ ಕಟ್ಟಿದರು. ಉಪ್ಪಿನ ಮೂಟೆ, ಹಸಿ ಚರ್ಮಗಳ ವಾಸನೆಯಲ್ಲಿ ನೂರು ಜನ ಕೂತೆವು. ನಮ್ಮ ಕೇರಿಯ ಹಿರಿಯ ಅರಪ್ ಸಿರ್ತೋಯ್ ಮುಂದೆ ಕೂತಿದ್ದ. ತಪ್ಕಿಗೇನ್ ಯಾರೂ ಕರೆಯದೆ ಬಂದಿದ್ದಳು.

ನಾನು ಬಾಗಿಲ ಹತ್ತಿರ ಕೂತಿದ್ದೆ. ನನಗೆ ಭಯವೇನೂ ಇರಲಿಲ್ಲ. ಅವನ ಹೆಸರು ಓದುತ್ತಾರೆ, ಜನ ಬೆಚ್ಚುತ್ತಾರೆ, ಮುರೇಯ್‌ಗೆ ಬಯ್ಯುತ್ತಾರೆ, ಇಷ್ಟೇ ಆಗುತ್ತದೆ ಎಂದುಕೊಂಡಿದ್ದೆ.

ಬೆಳಕು ಬಿತ್ತು. ಬಟ್ಟೆಯ ಮೇಲೆ ತಪ್ಕಿಗೇನಳ ಮಗ ನಡೆದು ಬಂದ. ಡೇರೆಯ ಮುಂದೆ ಎಂದೋ ತೆಗೆದದ್ದು. ಹತ್ತಿರ ಬಂದು, ಹಲ್ಲು ತೋರಿಸಿ, ಯಾರ ಮಾತಿಗೋ ತಲೆ ಹಿಂದಕ್ಕೆ ಹಾಕಿ ನಕ್ಕ. ಗೋದಾಮಿನಲ್ಲಿ ಕೂಗೆದ್ದಿತು. ಇಬ್ಬರು ಹೆಂಗಸರು ಎದ್ದು ಹೊರಗೆ ಓಡಿದರು. ತಪ್ಕಿಗೇನ್ ಎದ್ದು ಬಟ್ಟೆಯ ಹತ್ತಿರ ಹೋಗಿ ಕೈಯಿಟ್ಟಳು. ಅವಳ ನೆರಳು ಬಿದ್ದು ಅವನ ಮುಖ ಅಳಿಸಿಹೋಯಿತು. ಪಕ್ಕಕ್ಕೆ ಸರಿದಳು, ಮುಖ ಮತ್ತೆ ಬಂತು. ದೊರೆ ಏನೋ ಕೂಗಿದ. ಯಾರೋ ಅವಳನ್ನು ಎಳೆದು ಕೂರಿಸಿದರು.

ಆಮೇಲೆ ಅಕ್ಷರ ಬಂದವು. ಮುರೇಯ್ ಓದಿ ನಮ್ಮ ಮಾತಿನಲ್ಲಿ ಹೇಳಿದ: "ಅರಪ್ ಸೊಂಗೊಕ್ ಮೊದಲ ಈಟಿ ಎಸೆಯುತ್ತಾನೆ."

ನಾನು ಎಸೆದೆ. ಬಟ್ಟೆಯ ಮೇಲೆ, ನನ್ನದೇ ಗುರಾಣಿ ಹಿಡಿದು, ಅದರ ಮೇಲಿನ ಕೆಂಪು ಬಿಳಿ ಗೆರೆ ಎಲ್ಲರಿಗೂ ಕಾಣುವಂತೆ, ದೂರದಿಂದ ಎಸೆದೆ. ಸಿಂಹಕ್ಕೆ ತಾಗಿತು. ಕಣ್ಣು ಮಿಟುಕಿಸುವಷ್ಟರಲ್ಲಿ ಅದೇ ಸಿಂಹ ತಪ್ಕಿಗೇನಳ ಮಗನ ಮೇಲೆ ಇತ್ತು. ಅದು ನಿಜವಾದ ಬೆಳಗಿನದು. ಅವನ ಕಾಲು ಒದ್ದಾಡುತ್ತಿತ್ತು. ಆಮೇಲೆ ನಾನು. ಬರಿಗೈಯಲ್ಲಿ ಹುಲ್ಲಿನಲ್ಲಿ ನಿಂತು ನೆಮ್ಮದಿಯಾಗಿ ನೋಡುತ್ತಿದ್ದೆ. ಮತ್ತೆ ಅವನ ಕಾಲು. ಮತ್ತೆ ನಾನು. ಆಮೇಲೆ ಸತ್ತ ಸಿಂಹ, ಅದರ ಮೇಲೆ ಕಾಲಿಟ್ಟು ಹೊಟ್ಟೆ ದೊರೆ.

ನಾನು ಓಡಿದ್ದು ಇರಲಿಲ್ಲ. ಕತ್ತಿಗೆ ಇಳಿಸಿದ್ದು ಇರಲಿಲ್ಲ. ಆಗ ಹಿಡಿಕೆಯ ಸದ್ದು ನಾನೇ ಕೇಳಿದ್ದೇನೆ. ಮೊದಲು ಎಸೆದವನ ಕೈಯಲ್ಲಿ ಆಮೇಲೆಯೂ ಈಟಿ ಕಂಡರೆ ಅವರ ಕಥೆ ಕೆಡುತ್ತದೆ ಎಂದು ಆ ತುಂಡನ್ನು ಕತ್ತರಿಸಿ ಎಸೆದಿದ್ದರು. ಇದು ನನಗೆ ಅರ್ಥವಾದದ್ದು ಎಷ್ಟೋ ದಿನಗಳ ಮೇಲೆ.

ಗೋಣಿಚೀಲ ಕಿತ್ತರು. ಬಿಸಿಲು ಒಳಗೆ ಬಂತು. ತಪ್ಕಿಗೇನ್ ನನ್ನ ಕಡೆ ತಿರುಗಿ, "ನಿಂತು ನೋಡಿದೆ," ಎಂದಳು. ಅಷ್ಟೇ.

"ಅವ್ವ, ಅದು ಮಾರನೇ ದಿನದ್ದು. ಸತ್ತ ಸಿಂಹ. ಹಗ್ಗ ಕಟ್ಟಿ ಎಳೀತಿದ್ರು."

ಯಾರೋ ಹಿಂದಿನಿಂದ ನಕ್ಕರು. "ಸತ್ತ ಸಿಂಹ ಮನುಷ್ಯನ ಮೇಲೆ ಹಾರುತ್ತೇನೋ?"

"ನೆರಳು ನೋಡಿ," ಎಂದೆ. "ಬೇಟೆ ಆಗಿದ್ದು ಬೆಳಿಗ್ಗೆ. ನಾನು ಎಸೆಯೋವಾಗ ನೆರಳು ಆ ಕಡೆಗಿದೆ. ಸಂಜೇದು ಅದು."

ಅರಪ್ ಸಿರ್ತೋಯ್ ಖಾಲಿ ಬಟ್ಟೆಯ ಕಡೆ ಕೈ ತೋರಿಸಿದ. "ಇದರಲ್ಲಿ ಮೂಡಣ ಯಾವುದು, ಪಡುವಣ ಯಾವುದು? ತೋರಿಸಪ್ಪಾ."

ನಾನು ಮುರೇಯ್ ಕಡೆ ತಿರುಗಿದೆ. "ನೀನು ಅಲ್ಲೇ ಇದ್ದೆ. ನೀನೇ ಹೇಳಿದ್ದು, ಅವನ ಕೈ ಆಗು ಅಂತ. ಹೇಳು ಭಾವ."

ಮುರೇಯ್ ಸುರುಳಿಗಳನ್ನು ಡಬ್ಬಿಗೆ ತುಂಬುತ್ತಿದ್ದ. ತಲೆ ಎತ್ತಲಿಲ್ಲ. "ನಾನು ಹೊರೆಯಾಳುಗಳ ಜೊತೆ ಇದ್ದೆ. ಪೆಟ್ಟಿಗೆ ಕಂಡಿದ್ದನ್ನ ತೋರಿಸುತ್ತೆ. ಅದಕ್ಕೆ ನಂಟರಿಲ್ಲ, ಇಷ್ಟರಿಲ್ಲ."

ನಾನು ದೊರೆಯ ಹತ್ತಿರ ಹೋದೆ. ನನಗೆ ಬರುವ ನಾಲ್ಕು ಸ್ವಾಹಿಲಿ ಮಾತುಗಳಲ್ಲಿ, "ಸಿಂಹ, ಸತ್ತದ್ದು, ಸತ್ತದ್ದು" ಎಂದೆ. ನಾನು ಕೊಂದದ್ದನ್ನು ಹೇಳಿಕೊಳ್ಳುತ್ತಿದ್ದೇನೆ ಎಂದುಕೊಂಡನೋ ಏನೋ, ನನ್ನ ಕೈ ಹಿಡಿದು ಕುಲುಕಿದ. ಎಲ್ಲರೂ ನೋಡುತ್ತಿದ್ದಂತೆ ಒಂದು ಡಬ್ಬಿ ಸಿಗರೇಟು ಕೊಟ್ಟ.

ಮರುದಿನ ಕೇರಿಯ ಹಿರಿಯರು ಮರದ ಕೆಳಗೆ ಕೂತರು. ಮಾತು ಆಗಲೇ ಬಲಿತಿತ್ತು. ಅವರ ಮಾತಿನಂತೆ ನಾನು ದೂರದಿಂದ ಎಸೆದು, ಸಿಂಹವನ್ನು ರೇಗಿಸಿ ಅವನ ಮೇಲೆ ಕಳಿಸಿದೆ. ಅದು ಅವನನ್ನು ಹರಿಯುವಾಗ ನಿಂತು ನೋಡಿದೆ. ಅದು ಸುಸ್ತಾದ ಮೇಲೆ ಹೋಗಿ ಕತ್ತಿಗೆ ಚುಚ್ಚಿದೆ. ಪಾಪ ಮುಚ್ಚಲು ಕೇಸರವನ್ನು ಅವನ ತಾಯಿಗೆ ಕೊಟ್ಟೆ.

"ಇಲ್ಲದಿದ್ರೆ," ಎಂದ ಒಬ್ಬ, "ತನಗೆ ಬರೋ ಕೇಸರನ ಯಾವನಾದ್ರೂ ಸುಮ್ಸುಮ್ನೆ ಇನ್ನೊಬ್ಬನಿಗೆ ಕೊಡ್ತಾನಾ?"

ಬೇಟೆಗೆ ಬಂದಿದ್ದ ಆರು ಜನರನ್ನು ಕೇಳಿದರು. "ನಾವು ಬಂದಾಗ ಎರಡು ಈಟಿ ನಾಟಿದ್ವು," ಎಂದ ಅವರಲ್ಲಿ ಹಿರಿಯ. "ಯಾವುದು ಮೊದಲು ಅಂತ ಇವನು ಹೇಳಿದ, ನಾವು ನಂಬಿದ್ವಿ. ಸಿಂಹ ಏನೂ ಹೇಳಲಿಲ್ಲ."

"ಈಟಿ ಹಾಕಿ. ದಾಟ್ತೀನಿ," ಎಂದೆ.

ಅರಪ್ ಸಿರ್ತೋಯ್ ತನ್ನದೇ ಈಟಿಯನ್ನು ನೆಲದ ಮೇಲೆ ಅಡ್ಡಲಾಗಿ ಇಟ್ಟ. ಮೊದಲು ಮುರೇಯ್‌ನನ್ನು ಕರೆದ. ಮುರೇಯ್ ಬಂದ. "ಬಟ್ಟೆ ಮೇಲೆ ಕಂಡದ್ದು ನಡೆದದ್ದೇ. ಸುಳ್ಳಾದ್ರೆ ಈಟಿ ನನ್ನ ತಿನ್ನಲಿ," ಎಂದು ದಾಟಿದ. ಚರಂಡಿ ದಾಟುವವನ ಹಾಗೆ ದಾಟಿದ. ಅವನ ಬೂಟಿನ ಹಿಮ್ಮಡಿ ಹಿಡಿಗೆ ತಗುಲಿ ಈಟಿ ಸ್ವಲ್ಪ ಉರುಳಿತು. ಅವನು ಹಿಂತಿರುಗಿ ನೋಡಲಿಲ್ಲ. ನನ್ನ ಸೋದರಮಾವನ ಮಗ ನನ್ನ ಕಣ್ಣೆದುರಿಗೆ ಸತ್ತ ಎಂದೇ ಅನ್ನಿಸಿತು. ಅವನಿಗೆ ಮಾತ್ರ ಹಾಗೇನೂ ಅನ್ನಿಸಿದಂತಿರಲಿಲ್ಲ.

"ಈಗ ನೀನು," ಎಂದ ಹಿರಿಯ. "ಬಟ್ಟೆ ಮೇಲೆ ಈಟಿ ಎಸೆದವನು ನಾನಲ್ಲ ಅನ್ನು. ಅಂದು ದಾಟು."

"ಅಜ್ಜ, ಅದು ನಾನೇ. ಆದ್ರೆ ಬೇಟೇಲಿ ಮೊದಲು ಎಸೆದವನು ನಾನಲ್ಲ. ಹಾಗಂತ ದಾಟ್ತೀನಿ."

"ನಾವು ಕಂಡದ್ದಕ್ಕೆ ಉತ್ತರ ಹೇಳು ಅಂದ್ರೆ ಕಾಣದ್ದಕ್ಕೆ ಹೇಳ್ತೀಯಾ? ದೂರು ಯಾವ ಮಾತಲ್ಲಿದೆಯೋ ಆಣೆ ಅದೇ ಮಾತಲ್ಲಿ ಆಗ್ಬೇಕು. ನಮ್ಮಪ್ಪನ ಕಾಲದಿಂದ ಹಾಗೇ. ಆ ಕೈ ನಿನ್ನದಲ್ಲ ಅನ್ನು, ಸಾಕು."

ಈಟಿಯ ಹತ್ತಿರ ಹೋದೆ. ಅಲಗಿನ ಮೇಲೆ ಇರುವೆಯೊಂದು ಹರಿಯುತ್ತಿತ್ತು. ಆ ಕೈ ನನ್ನದು. ನನ್ನದಲ್ಲ ಎಂದು ದಾಟಿದರೆ ನಾನು ಸಾಯುತ್ತೇನೆ. ಸಾಯುವುದಿರಲಿ, ಸತ್ತ ಮೇಲೆ, ನೋಡಿ, ಸುಳ್ಳು ಹೇಳಿದ್ದ, ಈಟಿ ತಿಂತು ಎನ್ನುತ್ತಾರೆ. ಮುರೇಯ್ ಅಷ್ಟು ಹೊತ್ತಿಗೆ ಮರಕ್ಕೆ ಒರಗಿ ಬೂಟಿನ ದಾರ ಕಟ್ಟಿಕೊಳ್ಳುತ್ತಿದ್ದ.

ನಾನು ದಾಟಲಿಲ್ಲ. ಹಿರಿಯರು ಎದ್ದರು. ತೀರ್ಪು ಆಗಿಹೋಗಿತ್ತು. ನಮ್ಮ ಓರಗೆಯವರು ನನ್ನಿಂದ ದೂರ ಸರಿದು, ಬಳಸುದಾರಿ ಮಾಡಿಕೊಂಡು ಹೋದರು.

ಆ ಸಂಜೆಯೇ ಮುರೇಯ್ ನನ್ನ ಗುಡಿಸಲಿಗೆ ಬಂದ. ಒಳಗೆ ಬರಲಿಲ್ಲ. ಬೇಲಿಯ ಆಚೆ ನಿಂತ.

"ಏನ್ ಮಾಡ್ಲಿ ಭಾವ? ಚಿತ್ರ ಸುಳ್ಳು ಅಂತ ಜಿಲ್ಲೆಯ ದೊರೆ ಕಿವಿಗೆ ಬಿದ್ರೆ ನನ್ನ ಕೆಲಸ ಹೋಗುತ್ತೆ. ಸತ್ತವನ ಹೆಸರು ನೀನೂ ಹೇಳಲಿಲ್ಲ, ನಾನೂ ಹೇಳಲಿಲ್ಲ. ಬದುಕಿರೋನ ಹೆಸರು ಕೊಟ್ಟೆ. ತಪ್ಪಾ?"

"ಈಟಿ ದಾಟಿದೆಯಲ್ಲೋ."

"ಕಿಬಿಗೋರಿ ಸ್ಟೇಷನ್ನಲ್ಲಿ ಸುಳ್ಳು ಹೇಳಿ ಎರಡು ಸಲ ದಾಟಿದೀನಿ. ಏನೂ ಆಗೋದಿಲ್ಲ." ಅವನು ಅದನ್ನು ಜಂಬದಿಂದ ಹೇಳಲಿಲ್ಲ. ಬಿಸಿ ಪಾತ್ರೆ ಮುಟ್ಟಿ ನೋಡಿ, ಸುಡುವುದಿಲ್ಲ ಎಂದು ಹೇಳುವವನ ಹಾಗೆ ಹೇಳಿದ. "ಆನೆಗೆ ಬಾ. ದೊರೆ ನಿನ್ನನ್ನೇ ಕೇಳ್ತಿದಾನೆ. ಅವರೂರಲ್ಲಿ ನೀನು ದೊಡ್ಡ ಮನುಷ್ಯ ಆಗ್ಬಿಟ್ಟಿದೀಯ."

ಕೈಗೆ ಸಿಕ್ಕ ಸಿಗರೇಟಿನ ಡಬ್ಬಿಯನ್ನೇ ಎಸೆದೆ. ಅವನು ಬಗ್ಗಿ ಎತ್ತಿಕೊಂಡು ಹೋದ.

ಮೂರು ದಿನ ಬಿಟ್ಟು ಬೆಳಿಗ್ಗೆ ತಪ್ಕಿಗೇನಳ ಮನೆಗೆ ಹೋದೆ. ಹೋಗುವ ಮೊದಲು ತುಂಬ ಯೋಚಿಸಿದ್ದೆ. ಹೆಂಗಸರ ಆಣೆ ಬೇರೆ. ಅವರು ಸೊಂಟದ ಪಟ್ಟಿಯನ್ನು ಬಿಚ್ಚಿ ನೆಲಕ್ಕೆ ಹಾಕಿ ದಾಟುತ್ತಾರೆ. ಗಂಡಸು ಅದರ ಹತ್ತಿರವೂ ಸುಳಿಯುವುದಿಲ್ಲ. ಹೆತ್ತವಳ ಪಟ್ಟಿಯೆಂದರೆ ಈಟಿಗಿಂತ ಹೆಚ್ಚು.

ಅವಳು ಬಾಗಿಲಲ್ಲಿ ಕೂತು ಬುರುಡೆಯ ಒಳಗೆ ಇದ್ದಿಲು ಸವರುತ್ತಿದ್ದಳು. ನನ್ನನ್ನು ನೋಡಿ ಕೈ ನಿಲ್ಲಿಸಲಿಲ್ಲ.

"ಅವ್ವ, ನಿನ್ನ ಪಟ್ಟಿ ಬಿಚ್ಚಿ ನೆಲಕ್ಕೆ ಹಾಕು. ಹಿರಿಯರು ಬೇಡ. ನೀನೊಬ್ಬಳೇ ಸಾಕು. ಮೊದಲು ಎಸೆದವನು ನಿನ್ನ ಮಗ, ನಾನು ಓಡಿ ಬಂದೆ ಅಂತ ದಾಟ್ತೀನಿ. ಸುಳ್ಳಾದ್ರೆ ಮಳೆ ಬರೋದ್ರೊಳಗೆ ಸಾಯ್ತೀನಿ, ನೀನೇ ನೋಡ್ತೀಯ."

ಅವಳ ಕೈ ಸೊಂಟಕ್ಕೆ ಹೋಯಿತು. ಗಂಟಿನ ಮೇಲೆ ಬೆರಳಿಟ್ಟು ಬಹಳ ಹೊತ್ತು ಕೂತಳು. ಬಿಚ್ಚುತ್ತಾಳೆ ಎಂದುಕೊಂಡೆ.

"ಆ ಬಟ್ಟೆ ಮೇಲೆ ನನ್ನ ಮಗ ನಕ್ಕ," ಎಂದಳು. "ಅದು ಅವನೇನಾ?"

"ಅವನೇ ಅವ್ವ."

"ನಿಜವಾಗ್ಲೂ ನಕ್ಕಿದ್ನಾ?"

"ನಕ್ಕಿದ್ದ. ನಾನೂ ಅಲ್ಲೇ ಇದ್ದೆ."

"ಆಮೇಲೆ ಬಂದದ್ದು ಸುಳ್ಳು."

"ಹೂಂ, ಸುಳ್ಳು."

"ಅದೇ ಬಟ್ಟೆ. ಅದೇ ದೀಪ." ಅವಳು ನನ್ನನ್ನು ಮೊದಲ ಸಲ ನೇರವಾಗಿ ನೋಡಿದಳು. "ನೀನು ಈಗ ದಾಟಿ, ಸಾಯದೆ ಉಳಿದ್ರೆ ಆ ಬಟ್ಟೆ ಸುಳ್ಳಾಗುತ್ತೆ. ಆಮೇಲೆ ಆ ನಗುನ ನಾನು ಎಲ್ಲಿ ಇಟ್ಕೊಳ್ಳಲಿ?"

"ಅದು ಬೇರೆ ಅವ್ವ, ಇದು ಬೇರೆ. ಅವೆರಡನ್ನ ಒಟ್ಟಿಗೆ ಸೇರಿಸಿ..."

"ಒಂದು ವರ್ಷ ಅವನ ಮುಖ ನೆನಪಿಗೆ ಬರ್ತಿರಲಿಲ್ಲ ಕಣೋ. ನಿನಗೆ ಗೊತ್ತಿಲ್ಲ. ಮೊನ್ನೆ ಕಂಡೆ. ಈಗ ಕಣ್ಣು ಮುಚ್ಚಿದ್ರೆ ಬರ್ತಾನೆ."

ಅವಳು ನನ್ನನ್ನು ನಂಬದೆ ಇರಲಿಲ್ಲ ಎಂದು ಆಗ ನನಗೆ ಗೊತ್ತಾಯಿತು. ನಂಬಿಕೆ ಅವಳ ಕಣ್ಣಲ್ಲೇ ಇತ್ತು. ಅದನ್ನು ಅವಳು ಬೇಡವೆಂದು ಪಕ್ಕಕ್ಕಿಟ್ಟಳು, ಅಷ್ಟೇ. ಇಬ್ಬರಲ್ಲಿ ಒಬ್ಬನನ್ನು ಉಳಿಸಿಕೊಳ್ಳಬೇಕಾಗಿತ್ತು. ಅವಳು ತನ್ನ ಮಗನನ್ನು ಉಳಿಸಿಕೊಂಡಳು.

ಅವಳು ಪಟ್ಟಿಯ ಗಂಟನ್ನು ಬಿಗಿ ಮಾಡಿಕೊಂಡು, ಬುರುಡೆ ಹಿಡಿದು ಎದ್ದಳು.

"ದಾರಿ ಬಿಡು," ಎಂದಳು. "ಹಸು ಕರೀಬೇಕು."

ನಾನು ದಾರಿ ಬಿಟ್ಟೆ.